ಚೋಮನಾದವರಿಗೆ ನಾವು ಕೊಟ್ಟದ್ದೇನು?

‘ಚೋಮನ ದುಡಿ’ ಯಾರದು ಎಂದು ಮೊನ್ನೆ ತರಗತಿಯಲ್ಲಿ ಕೇಳಿದೆ. ಶಿವರಾಮ ಕಾರಂತರ ಕಾದಂಬರಿ ಎಂದ ಒಬ್ಬ. ಬಿ. ವಿ. ಕಾರಂತರ ಚಿತ್ರ ಎಂದ ಇನ್ನೊಬ್ಬ. ಎರಡೂ ಸರಿಯೇ. ಅದರಲ್ಲಿ ಚೋಮನಾದವರು ಯಾರು ಎಂದೆ. ಯಾರೂ ತುಟಿ ಬಿಚ್ಚಲಿಲ್ಲ. ಹುಡುಗರ ಮೇಲೆ ಸಿಟ್ಟಾಗಿ ಫಲವೇನು? ಅವರ ಗುರುಗಳೆನಿಸಿಕೊಂಡ ನಾವೂ, ಚಿತ್ರವಿಮರ್ಶೆ ಬರೆಯುವ ಪಂಡಿತರೂ ಆ ಹೆಸರನ್ನು ಬಾಯಿಬಿಟ್ಟು ಹೇಳಿದ್ದು ಎಷ್ಟು ಸಲ?

ಅವರು ಎಂ. ವಿ. ವಾಸುದೇವರಾಯರು. ನಾಟಕದಲ್ಲಿ ಪಳಗಿ, ಸಿನೇಮಾದ ಚಿಲ್ಲರೆ ಪಾತ್ರಗಳಲ್ಲಿ ವರ್ಷಗಟ್ಟಲೆ ಸವೆದವರು. 1975ರ ಆ ಚಿತ್ರಕ್ಕೆ ಸ್ವರ್ಣಕಮಲ ಬಂದಿತು, ಇವರಿಗೆ ಶ್ರೇಷ್ಠ ನಟನೆಂಬ ರಾಷ್ಟ್ರಪ್ರಶಸ್ತಿ. ಎತ್ತುಗಳಿದ್ದೂ ಉಳಲು ತುಂಡು ನೆಲವಿಲ್ಲದ ಅಸ್ಪೃಶ್ಯ ಜೀತಗಾರನ ಸಂಕಟವನ್ನು ಅವರು ಕಣ್ಣೀರು ಸುರಿಸಿ ತೋರಿಸಲಿಲ್ಲ. ಬಾಗಿದ ಬೆನ್ನು, ದುಡಿಯ ಮೇಲಿನ ಬೆರಳು, ಅಷ್ಟರಲ್ಲೇ ಮುಗಿಸಿದರು. ಅಸ್ಪೃಶ್ಯತೆಯ ಬಗೆಗೆ ನಮ್ಮ ನೂರು ಭಾಷಣ ಮಾಡದ ಕೆಲಸವನ್ನು ಆ ಬೆನ್ನು ಮಾಡಿತು.

ಆಮೇಲೆ? ಬಂಗಾಲದ ಮೃಣಾಲ್ ಸೇನರು ಪ್ರೇಮಚಂದರ ‘ಕಫನ್’ ಕತೆಯನ್ನು ತೆಲುಗಿನಲ್ಲಿ ‘ಒಕ ಊರಿ ಕಥ’ ಎಂದು ತೆಗೆದಾಗ (1977) ಅದರ ಮುಖ್ಯ ಪಾತ್ರಕ್ಕೆ ಕರೆದದ್ದು ಇವರನ್ನೇ. ಚೋಮ ಉಳಬೇಕೆಂದು ಹಂಬಲಿಸಿದವನು. ಈ ವೆಂಕಯ್ಯನೋ, ದುಡಿದರೆ ಹೊಟ್ಟೆ ತುಂಬುವುದು ಜಮೀನುದಾರನದೇ ಎಂದು ಕೈಕಟ್ಟಿ ಕುಳಿತವನು. ಎರಡು ವರ್ಷದ ಅಂತರದಲ್ಲಿ ಒಬ್ಬನೇ ನಟ ಒಂದಕ್ಕೊಂದು ಬೆನ್ನುಮಾಡಿ ನಿಂತ ಎರಡು ಬಡತನಗಳನ್ನು ಅಭಿನಯಿಸಿದ. ಹತ್ತು ವರ್ಷದ ಮೇಲೆ ತಮಿಳಿನ ‘ನಾಯಕನ್’ ಅವರನ್ನು ಹುಸೇನನ ಪಾತ್ರಕ್ಕೆ ಕರೆಯಿತು. ಕನ್ನಡವೋ? ಚೋಮನ ತೂಕದ ಇನ್ನೊಂದು ಪಾತ್ರವನ್ನು ಅವರಿಗೆ ಕೊಟ್ಟಿತೆಂದು ಯಾರಾದರೂ ತೋರಿಸಿದರೆ ನನ್ನ ತಕರಾರನ್ನು ಈ ಪುಟದಲ್ಲೇ ಹಿಂತೆಗೆದುಕೊಳ್ಳುವೆ.

ಚಿತ್ರ ನಿರ್ದೇಶಕನ ಕಲೆ, ನಟನೆಂದರೆ ಮಣ್ಣಿನ ಮುದ್ದೆ ಎಂಬ ವಾದವುಂಟು. ಇರಲಿ. ಹಾಗಾದರೆ ಕಲಕತ್ತೆಯ ಕುಂಬಾರನಿಗೆ ನಮ್ಮ ಮಣ್ಣೇ ಏಕೆ ಬೇಕಾಯಿತು? ಇಂಥವರಿಗೆ ‘ಪೋಷಕ ನಟ’ ಎಂಬ ಬಿರುದು ಬೇರೆ! ಯಾರು ಯಾರನ್ನು ಪೋಷಿಸಿದರೋ, ಆ ಲೆಕ್ಕ ಯಾರೂ ಕೇಳುವುದಿಲ್ಲ.

ನಮ್ಮ ಮೇಲವಂಕಿಯ ಕಡೆ ಪಾರಿಜಾತದ ನಾಡು. ಅಕ್ಷರ ಬಾರದ ಹಿರಿಯರೂ ಆ ಆಟದ ಮಾತು ಬಂದರೆ ಕೌಜಲಗಿ ನಿಂಗಮ್ಮನ ಹೆಸರು ಹಿಡಿದೇ ಮಾತಾಡುತ್ತಿದ್ದರು; ಕಟ್ಟಿದವರಷ್ಟೇ ಕುಣಿದವರೂ ಅವರಿಗೆ ಮುಖ್ಯ. ಎಂ. ಎ. ಮಾಡಿದ ನಮಗೆ ಆ ವಿವೇಕವೂ ಉಳಿಯಲಿಲ್ಲ.

ಇತ್ತೀಚೆಗೆ ಈ ಚಿತ್ರದ ಪ್ರದರ್ಶನದ್ದೇ ಒಂದು ಕರಪತ್ರ ಕೈಗೆ ಬಂತು. ಕಾದಂಬರಿಕಾರರ ಹೆಸರುಂಟು, ನಿರ್ದೇಶಕರದುಂಟು, ಅಧ್ಯಕ್ಷರದು, ಉದ್ಘಾಟಕರದು, ಚಹಾದ ಖರ್ಚು ಕೊಟ್ಟ ಮಹನೀಯರದೂ ಉಂಟು. ವಾಸುದೇವರಾಯರದಿಲ್ಲ. ವಿಚಾರಿಸಿದೆ. ಜಾಗ ಸಾಲಲಿಲ್ಲವಂತೆ.