ಅಡ್ಡಹೆಸರಿನ ಖಾನೆಯಲ್ಲಿ ತೆಕ್ಕಲಕೋಟೆ

ಪಾಸ್‌ಪೋರ್ಟ್ ಅರ್ಜಿಯಲ್ಲಿ ಹೆಸರಿಗೆಂದು ಎರಡು ಖಾನೆಗಳಿರುತ್ತವೆ. ಒಂದು ಇಟ್ಟ ಹೆಸರಿಗೆ, ಇನ್ನೊಂದು ಅಡ್ಡಹೆಸರಿಗೆ. ಬೆಳಗಾವಿಯ ಪಾಟೀಲರಿಗಾಗಲಿ ಧಾರವಾಡದ ಕುಲಕರ್ಣಿಯವರಿಗಾಗಲಿ ಇದರಿಂದ ತೊಡಕಿಲ್ಲ. ಆದರೆ ಸಿರುಗುಪ್ಪ ತಾಲ್ಲೂಕಿನ ತೆಕ್ಕಲಕೋಟೆಯಲ್ಲಿ ಹುಟ್ಟಿ ಗಾದಿಲಿಂಗಪ್ಪ ಎಂದೋ ಎರ‍್ರಿಸ್ವಾಮಿ ಎಂದೋ ಹೆಸರಿಡಿಸಿಕೊಂಡ ಯುವಕನ ಲೇಖನಿ ಎರಡನೆಯ ಖಾನೆಯ ಮುಂದೆ ತಡೆದು ನಿಲ್ಲುತ್ತದೆ. ಅವನ ಶಾಲಾ ದಾಖಲೆಯಲ್ಲಿ ಹೆಸರಿನ ಜೊತೆಗಿರುವುದು ಒಂದೋ ಎರಡೋ ಇನಿಷಿಯಲ್‌ಗಳು ಮಾತ್ರ. ಒಂದು ಊರಿನದು, ಇನ್ನೊಂದು ತಂದೆಯದು. ಅಡ್ಡಹೆಸರು ಎಂಬುದೊಂದು ಅವನ ಮನೆಯಲ್ಲಿ ಬಳಕೆಯಲ್ಲಿಯೇ ಇಲ್ಲ.

ಈ ತೊಡಕು ಸಣ್ಣದೆಂದು ತಳ್ಳಿಹಾಕುವಂತಿಲ್ಲ. ಪಾಸ್‌ಪೋರ್ಟಿನಲ್ಲಿ ಒಂದೇ ಹೆಸರು ಇರುವವರಿಗೆ ಭೇಟಿ ವೀಸಾದ ಮೇಲೆ ಪ್ರವೇಶವಿಲ್ಲ ಎಂದು ಸಂಯುಕ್ತ ಅರಬ್ ಎಮಿರೇಟ್ಸ್ 2022ರ ನವೆಂಬರ್‌ನಲ್ಲಿ ನಿಯಮ ಮಾಡಿತು. ಅದು ಬಳಿಕ ತುಸು ಸಡಿಲಗೊಂಡರೂ ಒಂಟಿ ಹೆಸರಿನವರ ಆತಂಕ ದೂರವಾಗಲಿಲ್ಲ. ಅಮೆರಿಕದ ವೀಸಾದಲ್ಲಿ ಒಂಟಿ ಹೆಸರನ್ನು ಅಡ್ಡಹೆಸರಿನ ಜಾಗಕ್ಕೆ ಸರಿಸಿ, ಇಟ್ಟ ಹೆಸರಿನ ಜಾಗದಲ್ಲಿ ‘ಎಫ್‌ಎನ್‌ಯು’ ಎಂಬ ಮೂರು ಅಕ್ಷರಗಳನ್ನು ಮುದ್ರಿಸುತ್ತಾರೆ. ‘ಮೊದಲ ಹೆಸರು ತಿಳಿಯದು’ ಎಂಬುದು ಅದರ ಅರ್ಥ. ತೊಟ್ಟಿಲ ಶಾಸ್ತ್ರದ ದಿನ ಸೋದರತ್ತೆ ಮಗುವಿನ ಕಿವಿಯಲ್ಲಿ ಕೂಗಿದ ಹೆಸರು ಹೀಗೆ ಸರ್ಕಾರಿ ಕಾಗದದಲ್ಲಿ ತಿಳಿಯದ ಹೆಸರಾಗುತ್ತದೆ.

ಈ ಎರಡು ಖಾನೆಗಳು ಎಲ್ಲಿಂದ ಬಂದವು? ಯುರೋಪಿನ ಹೆಸರುಗಳ ಚರಿತ್ರೆಯನ್ನು ನೋಡಿದರೆ ಉತ್ತರ ದೊರೆಯುತ್ತದೆ. ನಮ್ಮ ಹೆಸರುಗಳ ಬಗ್ಗೆ ನಾವು ಪಡುವ ಸಂಕೋಚಕ್ಕೆ ಆಧಾರವಿಲ್ಲವೆಂಬುದೂ ಅಲ್ಲಿಯೇ ತಿಳಿಯುತ್ತದೆ.

ಇಟ್ಟ ಹೆಸರುಗಳ ಮಟ್ಟಿಗೆ ಯುರೋಪಿಗೂ ನಮಗೂ ಹೆಚ್ಚು ದೂರವಿಲ್ಲ. ಪೀಟರ್ ಎಂದರೆ ಗ್ರೀಕಿನಲ್ಲಿ ಕಲ್ಲು, ಬಂಡೆ. ತೆಕ್ಕಲಕೋಟೆಯ ಬಂಡೆಗುಡ್ಡಗಳ ನಡುವೆ ಹುಟ್ಟಿದ್ದರೆ ಆತ ಕಲ್ಲಪ್ಪನಾಗುತ್ತಿದ್ದ. ಮಾರ್ಗರೆಟ್ ಎಂದರೆ ಮುತ್ತು, ಅಂದರೆ ನಮ್ಮ ಮುತ್ತಮ್ಮ. ಥಿಯೊಡೋರ್ ದೇವದತ್ತ. ಜಾರ್ಜ್ ಎಂದರೆ ಮಣ್ಣಿನಲ್ಲಿ ದುಡಿಯುವವ, ರೈತ. ಇಂಗ್ಲಿಷರ ಜಾನ್, ಫ್ರೆಂಚರ ಝಾನ್, ಜರ್ಮನರ ಯೋಹಾನ್, ರಷ್ಯನ್ನರ ಇವಾನ್, ಇಟಲಿಯವರ ಜೊವಾನಿ ಎಲ್ಲವೂ ದೇವರ ಕೃಪೆಯನ್ನು ಹೇಳುವ ಒಂದೇ ಹೀಬ್ರೂ ಹೆಸರಿನ ರೂಪಗಳು. ಬಳ್ಳಾರಿಯ ಮುಸ್ಲಿಂ ಮನೆಗಳಲ್ಲಿ ಕೇಳಿಬರುವ ಯಾಹ್ಯಾ ಕೂಡ ಅದೇ ಬಳಗಕ್ಕೆ ಸೇರಿದುದು. ನೇಪಲ್ಸ್ ನಗರದವರು ತಮ್ಮ ಸಂತನ ನೆನಪಿಗೆ ಜೆನ್ನಾರೊ ಎಂದು ಹೆಸರಿಟ್ಟರೆ, ನಮ್ಮಲ್ಲಿ ಚೇಳ್ಳಗುರ್ಕಿಯ ಎರ‍್ರಿತಾತನ ಭಕ್ತರು ಎರ‍್ರಿಸ್ವಾಮಿ ಎಂದೂ ಕುರುಗೋಡಿನ ದೊಡ್ಡಬಸವೇಶ್ವರನ ಒಕ್ಕಲಿನವರು ದೊಡ್ಡಬಸಪ್ಪ ಎಂದೂ ಇಡುತ್ತಾರೆ. ಹೆಸರು ಕೇಳಿದೊಡನೆ ಯಾವ ಸೀಮೆಯವರೆಂಬುದು ತಿಳಿಯುತ್ತದೆ.

ಅಡ್ಡಹೆಸರುಗಳ ವಿಚಾರವೂ ಆರಂಭದಲ್ಲಿ ಹೀಗೆಯೇ ಇತ್ತು. ಯುರೋಪಿನ ಬಹುಭಾಗದಲ್ಲಿ ಹನ್ನೊಂದನೆಯ ಶತಮಾನದವರೆಗೆ ಸಾಮಾನ್ಯರಿಗೆ ಒಂದೇ ಹೆಸರು. ಒಂದೇ ಊರಿನಲ್ಲಿ ಹತ್ತು ಮಂದಿ ಜಾನ್‌ಗಳಾದಾಗ ಒಬ್ಬನನ್ನು ಕಸುಬಿನಿಂದ, ಮತ್ತೊಬ್ಬನನ್ನು ತಂದೆಯಿಂದ, ಮಗದೊಬ್ಬನನ್ನು ಊರಿನಿಂದ, ಇನ್ನೊಬ್ಬನನ್ನು ಮೈಬಣ್ಣದಿಂದಲೋ ನಡತೆಯಿಂದಲೋ ಗುರುತಿಸಿದರು. ಜಾನ್ಸನ್ ಎಂದರೆ ಜಾನನ ಮಗ. ಫರ್ನಾಂಡಿಸ್ ಎಂದರೆ ಫರ್ನಾಂಡೊನ ಮಗ. ಮಂಗಳೂರಿನಲ್ಲಿ ಹುಟ್ಟಿದ ಕಾರ್ಮಿಕ ನಾಯಕ ಜಾರ್ಜ್ ಫರ್ನಾಂಡಿಸ್ ಅವರ ಹೆಸರನ್ನು ಬಿಡಿಸಿ ಓದಿದರೆ ‘ಫರ್ನಾಂಡೊನ ಮಗನಾದ ರೈತ’ ಎಂದಾಗುತ್ತದೆ. ಪೋರ್ಚುಗೀಸರ ಕಾಲದಲ್ಲಿ ಗೋವೆಯಲ್ಲಿ ಪಡೆದು ಕೆನರಾಕ್ಕೆ ಹೊತ್ತು ತಂದ ಹೆಸರುಗಳಲ್ಲಿ ಕುವೆಲ್ಲೊ ಮೊಲ, ಲೋಬೊ ತೋಳ, ಪಿಂಟೊ ಕೋಳಿಮರಿ, ಮಚಾದೊ ಕೊಡಲಿ. ಹುಬ್ಬಳ್ಳಿ ಸೀಮೆಯ ಮೆಣಸಿನಕಾಯಿ, ಉಳ್ಳಾಗಡ್ಡಿಗಳನ್ನು ಕೇಳಿ ನಗುವವರು ಇದನ್ನು ನೆನಪಿಡಬೇಕು.

ಕಸುಬಿನ ಹೆಸರುಗಳದ್ದು ದೊಡ್ಡ ಸಂಸಾರ. ಇಂಗ್ಲಿಷಿನ ಸ್ಮಿತ್, ಜರ್ಮನಿಯ ಶ್ಮಿಟ್, ಹಂಗೆರಿಯ ಕೊವಾಚ್, ಪೋಲೆಂಡಿನ ಕೊವಾಲ್ಸ್ಕಿ, ರಷ್ಯದ ಕುಜ್ನೆತ್ಸೊವ್, ಇಟಲಿಯ ಫೆರಾರಿ ಎಲ್ಲರೂ ಕುಲುಮೆಯ ಮುಂದೆ ಕುಳಿತವರ ಸಂತತಿ. ಅವರ ಸಾಲಿನಲ್ಲಿಯೇ ಜ್ಞಾನಪೀಠ ಪುರಸ್ಕೃತ ಚಂದ್ರಶೇಖರ ಕಂಬಾರರ ಹೆಸರನ್ನೂ ನಿಲ್ಲಿಸಬಹುದು. ಶೂಮಾಕರ್ ಎಂದರೆ ಚಪ್ಪಲಿ ಹೊಲಿಯುವವ, ಥ್ಯಾಚರ್ ಎಂದರೆ ಮನೆಗೆ ಹುಲ್ಲು ಹೊದಿಸುವವ.

ಊರಿನ ಹೆಸರುಗಳೂ ಅಷ್ಟೇ. ಲಿಯೊನಾರ್ಡೊ ಡ ವಿಂಚಿ ಎಂದರೆ ಇಟಲಿಯ ವಿಂಚಿ ಎಂಬ ಊರಿನ ಲಿಯೊನಾರ್ಡೊ. ಊರಿನ ಹೆಸರು ಅಂಟಿಕೊಳ್ಳುವುದು ಊರು ಬಿಟ್ಟ ಮೇಲೆ. ತೆಕ್ಕಲಕೋಟೆಯೊಳಗೆ ಯಾರನ್ನೂ ಯಾರೂ ತೆಕ್ಕಲಕೋಟೆಯವನೆಂದು ಕರೆಯುವುದಿಲ್ಲ. ಬಳ್ಳಾರಿಗೋ ಬೆಂಗಳೂರಿಗೋ ಹೋದವನಿಗಷ್ಟೇ ಆ ಹೆಸರು. ಬಳ್ಳಾರಿಯ ಬ್ರೂಸ್‌ಪೇಟೆಯನ್ನು ಗಮನಿಸಿ. ಫ್ರಾನ್ಸಿನ ನಾರ್ಮಂಡಿಯ ಬ್ರೀ ಎಂಬ ಊರಿನಿಂದ ಬ್ರಿಟನ್ನಿಗೆ ಹೋದ ಮನೆತನ ಬ್ರೂಸ್ ಆಯಿತು. ಆ ಹೆಸರು ಬ್ರಿಟಿಷರ ಕಾಲದಲ್ಲಿ ನಮ್ಮ ನಗರದ ಪೇಟೆಯೊಂದಕ್ಕೆ ಬಂದು ಕುಳಿತಿತು. ಊರು ವ್ಯಕ್ತಿಯಾಗಿ, ವ್ಯಕ್ತಿ ಮತ್ತೆ ಊರಾದ ಕಥೆ ಇದು.

ಬಾಯಿಂದ ಬಾಯಿಗೆ ಬದಲಾಗುತ್ತಿದ್ದ ಈ ಗುರುತುಗಳನ್ನು ಶಾಶ್ವತಗೊಳಿಸಿದುದರಲ್ಲಿ ದಫ್ತರಗಳ ಪಾತ್ರ ದೊಡ್ಡದು. ಇಂಗ್ಲೆಂಡಿನಲ್ಲಿ 1538ರಲ್ಲಿ ಪ್ರತಿ ಚರ್ಚಿನಲ್ಲಿಯೂ ಜನನ ಸಂಸ್ಕಾರ, ಮದುವೆ, ಶವಸಂಸ್ಕಾರಗಳನ್ನು ಬರೆದಿಡಬೇಕೆಂಬ ಆಜ್ಞೆಯಾಯಿತು. ನೆದರ್ಲೆಂಡ್ಸಿನವರಿಗೆ 1811ರಲ್ಲಿ ನೆಪೋಲಿಯನ್ ಅಡ್ಡಹೆಸರನ್ನು ಕಡ್ಡಾಯ ಮಾಡಿದ. ತುರ್ಕಿಯಲ್ಲಿ ಆ ಕಾನೂನು ಬಂದುದು 1934ರಲ್ಲಿ. ತೆರಿಗೆ ಎತ್ತಲು, ಸೇನೆಗೆ ಸೇರಿಸಲು ಪ್ರಭುತ್ವಕ್ಕೆ ಬದಲಾಗದ ಹೆಸರು ಬೇಕಿತ್ತು. ನಮ್ಮ ಸೀಮೆಯೂ ಇದರಿಂದ ಹೊರತಲ್ಲ. 1800ರಲ್ಲಿ ನಿಜಾಮ ಬಳ್ಳಾರಿ ಸೀಮೆಯನ್ನು ಈಸ್ಟ್ ಇಂಡಿಯಾ ಕಂಪನಿಗೆ ಬಿಟ್ಟುಕೊಟ್ಟ ಬಳಿಕ ದತ್ತ ಮಂಡಲಗಳ ಪ್ರಧಾನ ಕಲೆಕ್ಟರ್ ಆಗಿ ಬಂದ ಥಾಮಸ್ ಮನ್ರೊ, ಒಬ್ಬೊಬ್ಬ ರೈತನೊಡನೆಯೂ ನೇರವಾಗಿ ಕಂದಾಯ ಗೊತ್ತುಮಾಡುವ ರೈತವಾರಿ ಪದ್ಧತಿಯನ್ನು ನೆಲೆಗೊಳಿಸಿದ. ಸರ್ಕಾರದ ಲೆಕ್ಕದಲ್ಲಿ ಸಾಮಾನ್ಯ ರೈತನ ಹೆಸರಿಗೂ ಒಂದು ಸಾಲು ದೊರೆಯಿತು. ಈ ಸೀಮೆಯ ಜನ ತಮ್ಮ ಮಕ್ಕಳಿಗೆ ಮನ್ರೋಲಪ್ಪ ಎಂದು ಹೆಸರಿಟ್ಟು ಆ ಸ್ಕಾಟಿಷ್ ಕುಲನಾಮವನ್ನು ಇಟ್ಟ ಹೆಸರಾಗಿಸಿಕೊಂಡರು. ಅವರಿಗೆ ಎರಡು ಖಾನೆಗಳ ಭೇದ ಮುಖ್ಯವೆನಿಸಿರಲಿಲ್ಲ.

ಯುರೋಪಿನಲ್ಲಿಯೇ ಅಡ್ಡಹೆಸರಿಲ್ಲದೆ ಬದುಕುವ ದೇಶವೊಂದಿದೆ. ಐಸ್‌ಲೆಂಡಿನಲ್ಲಿ ಹೊಸದಾಗಿ ಮನೆತನದ ಹೆಸರನ್ನು ಪಡೆಯುವುದನ್ನು 1925ರ ಕಾನೂನು ನಿಷೇಧಿಸಿತು. ಅಲ್ಲಿನವರು ಬಹುಪಾಲು ಇಂತಹವರ ಮಗ, ಇಂತಹವರ ಮಗಳು ಎಂದೇ ಗುರುತಿಸಿಕೊಳ್ಳುತ್ತಾರೆ. ಮದುವೆಯಾದ ಹೆಣ್ಣು ತನ್ನ ಹೆಸರನ್ನು ಬಿಡುವುದಿಲ್ಲ. 1980ರಲ್ಲಿ ಜನರ ಮತದಿಂದ ರಾಷ್ಟ್ರಾಧ್ಯಕ್ಷೆಯಾದ ಜಗತ್ತಿನ ಮೊದಲ ಮಹಿಳೆ ವಿಗ್ದಿಸ್ ಫಿನ್‌ಬೊಗಡೊಟ್ಟಿರ್ ಅವರ ಹೆಸರಿನ ಅರ್ಥ ‘ಫಿನ್‌ಬೊಗಿಯ ಮಗಳು ವಿಗ್ದಿಸ್’ ಎಂದಷ್ಟೆ. ತಂದೆಯ ಇನಿಷಿಯಲ್ ಬರೆಯುವ ನಮ್ಮ ಪದ್ಧತಿಗೂ ಇದಕ್ಕೂ ಏನು ವ್ಯತ್ಯಾಸ?

ವ್ಯತ್ಯಾಸವಿರುವುದು ಬೇರೊಂದು ಕಡೆ, ಮತ್ತು ಅದೇ ಇಲ್ಲಿನ ಮುಖ್ಯ ಪ್ರಶ್ನೆ. ಯುರೋಪಿನ ಅಡ್ಡಹೆಸರಿನ ಅರ್ಥ ಬಹುಮಟ್ಟಿಗೆ ಸತ್ತಿದೆ. ಶೂಮಾಕರ್ ಕಾರು ಓಡಿಸಿ ವಿಶ್ವವಿಜೇತನಾದಾಗ ಅವನ ಪೂರ್ವಿಕರ ಚಪ್ಪಲಿಯನ್ನು ಯಾರೂ ನೆನೆಯಲಿಲ್ಲ. ನಮ್ಮ ಅಡ್ಡಹೆಸರಿನ ಅರ್ಥ ಇನ್ನೂ ಬದುಕಿದೆ. ಅದು ಕಸುಬನ್ನು ಹೇಳುವುದಿಲ್ಲ, ಜಾತಿಯನ್ನು ಹೇಳುತ್ತದೆ. ಬಾಡಿಗೆ ಮನೆ ಕೇಳಲು ಹೋದವನ, ಸಂದರ್ಶನಕ್ಕೆ ಕುಳಿತವನ, ಕಾಲೇಜಿನ ಹಾಜರಿ ಪುಸ್ತಕದಲ್ಲಿರುವವನ ಬೆನ್ನಿಗೆ ಅದು ಅಂಟಿಕೊಳ್ಳುತ್ತದೆ.

ಹಾಗೆಂದು ಕಸುಬಿನ ಹೆಸರು ಹುಟ್ಟಿನಿಂದಲೇ ಅವಮಾನವೇನಲ್ಲ. ಯುರೋಪಿನಲ್ಲಿ ಅಡ್ಡಹೆಸರುಗಳು ಚಿಗುರುತ್ತಿದ್ದ ಹನ್ನೆರಡನೆಯ ಶತಮಾನದಲ್ಲಿಯೇ ಕಲ್ಯಾಣದ ಶರಣರು ಮಡಿವಾಳ ಮಾಚಯ್ಯ, ಅಂಬಿಗರ ಚೌಡಯ್ಯ, ಮೇದಾರ ಕೇತಯ್ಯ, ಹಡಪದ ಅಪ್ಪಣ್ಣ, ನುಲಿಯ ಚಂದಯ್ಯ ಎಂದು ಕಾಯಕವನ್ನೇ ಹೆಸರಿನ ಮುಂದೆ ನಿಲ್ಲಿಸಿಕೊಂಡರು. ಅದು ದುಡಿಮೆಗೆ ಸಂದ ಗೌರವ. ಆ ಗೌರವವನ್ನು ಉಳಿಸಿಕೊಳ್ಳದೆ ಅದೇ ಪದಗಳನ್ನು ಜಾತಿಯ ಮುದ್ರೆಯಾಗಿ ಮಾಡಿದವರು ನಂತರದ ನಾವು. ಹೆಸರು ಮುದ್ರೆಯಾದಾಗ ಏನಾಗಬಹುದೆಂಬುದಕ್ಕೆ ಯುರೋಪಿನಲ್ಲಿಯೂ ನಿದರ್ಶನವಿದೆ. 1938ರಲ್ಲಿ ನಾಜಿ ಸರ್ಕಾರ, ಹೆಸರಿನಿಂದ ಗುರುತು ಸಿಗದ ಯಹೂದಿ ಗಂಡಸರು ‘ಇಸ್ರೇಲ್’ ಎಂದೂ ಹೆಂಗಸರು ‘ಸಾರಾ’ ಎಂದೂ ಸೇರಿಸಿಕೊಳ್ಳಬೇಕೆಂದು ಕಟ್ಟಳೆ ಮಾಡಿತು. ಆ ಪದಗಳ ಅರ್ಥದಲ್ಲಿ ದೋಷವಿರಲಿಲ್ಲ. ಬಲವಂತದಲ್ಲಿತ್ತು.

ಈ ಹಿನ್ನೆಲೆಯಲ್ಲಿ ಬಳ್ಳಾರಿಯ ಪದ್ಧತಿಗೆ ಒಂದು ಸದ್ಗುಣವಿದೆ. 1953ರ ಅಕ್ಟೋಬರ್ 1ರಂದು ಮೈಸೂರು ರಾಜ್ಯಕ್ಕೆ ಸೇರುವವರೆಗೆ ಈ ಸೀಮೆ ಮದ್ರಾಸಿನ ಆಡಳಿತದಲ್ಲಿತ್ತು. ಮುಂಬೈ ಆಡಳಿತದಲ್ಲಿದ್ದ ಧಾರವಾಡ, ಬೆಳಗಾವಿಗಳಲ್ಲಿ ಅಡ್ಡಹೆಸರು ಕೊನೆಗೆ ಬಂದು ನಿಂತರೆ, ಇಲ್ಲಿ ಊರು ಅಥವಾ ಮನೆತನದ ಹೆಸರು ಮೊದಲಿಗೆ ಬಂದು ಇನಿಷಿಯಲ್ ಆಗಿ ಅಡಗಿತು. ನಟ ಬಳ್ಳಾರಿ ರಾಘವರ ಮನೆತನದ ಹೆಸರು ತಾಡಿಪತ್ರಿ, ರಂಗಭೂಮಿ ಕೊಟ್ಟ ಹೆಸರು ಬಳ್ಳಾರಿ. ಜೋಳದರಾಶಿ ದೊಡ್ಡನಗೌಡರ ಹೆಸರಿನಲ್ಲಿ ಊರಿನ ಬೆಳೆಯೇ ಇದೆ. ಇಲ್ಲಿಯೂ ಗೌಡ, ಶೆಟ್ಟಿ, ರೆಡ್ಡಿಗಳಿಲ್ಲವೆಂದಲ್ಲ. ಆದರೆ ಇನಿಷಿಯಲ್‌ನಲ್ಲಿರುವ ಊರು ‘ಎಲ್ಲಿಯವನು’ ಎಂಬ ಪ್ರಶ್ನೆಗೆ ಉತ್ತರಿಸುತ್ತದೆಯೇ ಹೊರತು ‘ಯಾವ ಪೈಕಿ’ ಎಂಬ ಪ್ರಶ್ನೆಗಲ್ಲ. ತೆಕ್ಕಲಕೋಟೆ ಎಂಬ ಹೆಸರನ್ನು ಆ ಊರಿನ ಯಾವ ಕೇರಿಯವನಾದರೂ ಸಮಾನ ಹಕ್ಕಿನಿಂದ ಧರಿಸಬಹುದು. 1963–64ರ ಉತ್ಖನನದಲ್ಲಿ ಅಲ್ಲಿನ ಗುಡ್ಡಗಳ ಮೇಲೆ ನವಶಿಲಾಯುಗದ ಮನೆಗಳೂ ಸಮಾಧಿಗಳೂ ಬೆಳಕಿಗೆ ಬಂದವು. ಅಷ್ಟು ಹಳೆಯ ನೆಲೆಯ ಹೆಸರನ್ನು ಹೊರುವುದರಲ್ಲಿ ಕೀಳರಿಮೆಗೆ ಎಡೆಯೆಲ್ಲಿ?

ಅರ್ಜಿಗಳ ಒತ್ತಡದಲ್ಲಿ ಈ ಸದ್ಗುಣ ಕರಗುತ್ತಿದೆ. ಪ್ಯಾನ್ ಕಾರ್ಡಿಗಾಗಿ ಬಹುಕಾಲ ಬಳಕೆಯಲ್ಲಿದ್ದ 49ಎ ಅರ್ಜಿ ಇನಿಷಿಯಲ್‌ಗಳನ್ನು ಒಪ್ಪದೆ ಕೊನೆಯ ಹೆಸರನ್ನು ಕಡ್ಡಾಯವಾಗಿ ಕೇಳಿತು. ಖಾಲಿ ಖಾನೆ ತುಂಬಿಸಲು ಒಬ್ಬರು ತಂದೆಯ ಹೆಸರು ಬರೆಯುತ್ತಾರೆ, ಮತ್ತೊಬ್ಬರು ಬೇರೇನೂ ತೋಚದೆ ಜಾತಿಯ ಹೆಸರನ್ನೇ ಬರೆಯುತ್ತಾರೆ. ಅಂಕಪಟ್ಟಿಯಲ್ಲಿ ಒಂದು, ಆಧಾರ್‌ನಲ್ಲಿ ಇನ್ನೊಂದು, ಪಾಸ್‌ಪೋರ್ಟಿನಲ್ಲಿ ಮತ್ತೊಂದು ಹೆಸರಾಗಿ, ಮೂವರೂ ತಾನೊಬ್ಬನೇ ಎಂದು ಸಾಬೀತುಪಡಿಸಲು ಅಫಿಡವಿಟ್‌ಗಾಗಿ ಅಲೆಯಬೇಕಾಗುತ್ತದೆ.

ಅಡ್ಡಹೆಸರಿಲ್ಲದಿದ್ದರೆ ಒಂದೇ ಹೆಸರಿನವರನ್ನು ಬೇರ್ಪಡಿಸುವುದು ಹೇಗೆ ಎಂಬ ಆಕ್ಷೇಪಣೆ ಸಹಜ. ಮಧ್ಯಯುಗದ ಯುರೋಪಿಗೆ ಈ ತೊಂದರೆ ನಿಜವಾಗಿಯೂ ಇತ್ತು. ಹನ್ನೆರಡು ಅಂಕಿಗಳ ಆಧಾರ್, ಜನ್ಮದಿನಾಂಕ, ಬೆರಳಚ್ಚುಗಳಿರುವ ಕಾಲಕ್ಕೆ ಅದು ಅನ್ವಯಿಸುವುದಿಲ್ಲ. ಆಧಾರ್ ಹೆಸರಿಗೆ ಒಂದೇ ಖಾನೆ ಇಟ್ಟುಕೊಂಡು ಕೋಟ್ಯಂತರ ಜನರನ್ನು ಗುರುತಿಸುತ್ತಿದೆ. ಉಳಿದ ಅರ್ಜಿಗಳಿಗೂ ಇದು ಮಾದರಿಯಾಗಲಿ. ಪೂರ್ಣ ಹೆಸರಿಗೆ ಒಂದೇ ಖಾನೆ ಇರಲಿ. ಎರಡು ಬೇಕೇಬೇಕೆನ್ನುವ ದೇಶಗಳಿಗಾಗಿ, ಊರನ್ನೋ ತಂದೆ ಅಥವಾ ತಾಯಿಯ ಹೆಸರನ್ನೋ ಬರೆಯುವ ಆಯ್ಕೆ ಅರ್ಜಿದಾರನದೇ ಆಗಿರಲಿ. ಅಡ್ಡಹೆಸರನ್ನು ಪ್ರೀತಿಯಿಂದ ಇಟ್ಟುಕೊಂಡವರು ಇಟ್ಟುಕೊಳ್ಳಲಿ. ಆದರೆ ಶಾಲೆಗೆ ಸೇರಿಸುವ ದಿನ ಖಾನೆ ಖಾಲಿ ಇದೆಯೆಂಬ ಒಂದೇ ಕಾರಣಕ್ಕೆ ಯಾವ ಮಗುವಿನ ಹೆಸರಿನ ಮುಂದೆಯೂ ಜಾತಿಯನ್ನು ಬರೆಯದಂತೆ ಶಿಕ್ಷಣ ಇಲಾಖೆ ಸ್ಪಷ್ಟ ಸೂಚನೆ ನೀಡಬೇಕು. ಸ್ಮಿತ್ ಎಂಬ ಹೆಸರು ಕುಲುಮೆಯನ್ನು ಮರೆಯಲು ಶತಮಾನಗಳೇ ಹಿಡಿದವು. ನಮ್ಮ ಹೆಸರುಗಳು ಜಾತಿಯನ್ನು ಮರೆಯುವವರೆಗಾದರೂ, ಇಲ್ಲದವರಿಗೆ ಅದನ್ನು ಹೊಸದಾಗಿ ಅಂಟಿಸುವ ಕೆಲಸ ಸರ್ಕಾರಿ ಅರ್ಜಿಗಳಿಂದ ಆಗಬಾರದು.