563ರ ಆಚೆಗಿನ ಹುಲಿ ಲೆಕ್ಕ

ನಾಲ್ಕು ವರ್ಷಕ್ಕೊಮ್ಮೆ ಬರುವ ಹುಲಿ ಗಣತಿಯ ವರದಿ ಈಗೀಗ ಕ್ರಿಕೆಟ್ ಸ್ಕೋರಿನ ಹಾಗೆ ಓದಿಸಿಕೊಳ್ಳುತ್ತಿದೆ. 2018ರಲ್ಲಿ ಮಧ್ಯಪ್ರದೇಶಕ್ಕೆ 526, ಕರ್ನಾಟಕಕ್ಕೆ 524. ಎರಡೇ ಹುಲಿಯಿಂದ ಪಟ್ಟ ತಪ್ಪಿತೆಂದು ಮರುಗಿದವರು ಒಬ್ಬಿಬ್ಬರಲ್ಲ. 2022ರ ಗಣತಿಯಲ್ಲಿ ಮಧ್ಯಪ್ರದೇಶ 785ಕ್ಕೆ ಜಿಗಿಯಿತು, ಕರ್ನಾಟಕ 563ರಲ್ಲಿ ನಿಂತಿತು.

ಅಸಲಿಗೆ ಇವು ತಲೆ ಎಣಿಸಿ ಬರೆದ ಸಂಖ್ಯೆಗಳಲ್ಲ, ಅಂದಾಜು. ಮೊದಲು ಹೆಜ್ಜೆಗುರುತು ನೋಡಿ ಹುಲಿಗಳನ್ನು ಎಣಿಸುತ್ತಿದ್ದರು. ಆ ಪದ್ಧತಿಯ ಬಣ್ಣ ಬಯಲಾದದ್ದು ರಾಜಸ್ಥಾನದ ಸರಿಸ್ಕಾದಲ್ಲಿ: ಕಡತದಲ್ಲಿ ಹುಲಿಗಳಿದ್ದವು, 2005ರ ಹೊತ್ತಿಗೆ ಕಾಡಿನಲ್ಲಿ ಒಂದೂ ಉಳಿದಿರಲಿಲ್ಲ. ವನ್ಯಜೀವಿ ವಿಜ್ಞಾನಿ ಉಲ್ಲಾಸ ಕಾರಂತರು ತೊಂಬತ್ತರ ದಶಕದಲ್ಲೇ ನಾಗರಹೊಳೆಯಲ್ಲಿ ಬೇರೆ ದಾರಿ ತೋರಿಸಿದ್ದರು. ಒಂದು ಹುಲಿಯ ಪಟ್ಟೆ ಇನ್ನೊಂದಕ್ಕಿಲ್ಲ. ಪ್ರಾಣಿ ಹಾದಾಗ ತಾನೇ ಚಿತ್ರ ತೆಗೆಯುವ ಕ್ಯಾಮೆರಾ ಟ್ರ್ಯಾಪಿಗೆ ಸಿಕ್ಕ ಹುಲಿಗಳಲ್ಲಿ ಎಷ್ಟು ಮತ್ತೆ ಮತ್ತೆ ಸಿಗುತ್ತವೆ ಎಂಬುದರಿಂದ, ಸಿಗದೇ ಉಳಿದವೆಷ್ಟು ಎಂದು ಲೆಕ್ಕ ಹಾಕಬಹುದು.

ಎಷ್ಟಿವೆ ಎಂಬುದಕ್ಕಿಂತ ಯಾಕೆ ಅಷ್ಟೇ ಇವೆ ಎಂಬ ಪ್ರಶ್ನೆ ಹೆಚ್ಚು ಮುಖ್ಯ. ಯಾವ ಜೀವಿಯ ಸಂಖ್ಯೆಯಾದರೂ ಕೆರೆಯ ನೀರಿನಂತೆ. ಹುಟ್ಟು ಮತ್ತು ವಲಸೆ ಬರುವವು ಒಳಹರಿವು. ಸಾವು ಮತ್ತು ಬಿಟ್ಟು ಹೋಗುವವು ಹೊರಹರಿವು. ಕೆರೆಯ ಅಳತೆಯನ್ನು ನಿರ್ಧರಿಸುವುದು ಮೇವು, ನೀರು, ಜಾಗ.

ಹುಲಿಯ ಮಟ್ಟಿಗೆ ಆ ಅಳತೆ ಎಂದರೆ ಜಿಂಕೆ, ಕಡವೆ, ಕಾಟಿ. ಒಂದು ಹುಲಿಗೆ ವರ್ಷಕ್ಕೆ ಸುಮಾರು 50 ಬೇಟೆ ಬೇಕು. ತಿಂದಷ್ಟು ಮತ್ತೆ ಹುಟ್ಟಿ ತುಂಬಿಕೊಳ್ಳಬೇಕಾದರೆ ಕಾಡಿನಲ್ಲಿ ಅಂಥ 500 ಪ್ರಾಣಿಗಳಾದರೂ ಇರಬೇಕು ಎನ್ನುತ್ತದೆ ಕಾರಂತರ ತಂಡದ ಅಧ್ಯಯನ. ಹೀಗಾಗಿ ಬಂಡೀಪುರದಲ್ಲಿ ಲಂಟಾನ ಕಳೆ ಹಬ್ಬಿ ಹುಲ್ಲು ಕುಗ್ಗಿದರೆ ಅದರ ಬಿಸಿ ಕೊನೆಗೆ ಹುಲಿಗೂ ತಟ್ಟುತ್ತದೆ. ಗುಂಡಿನಿಂದ ಉಳಿದ ಹುಲಿ ಹುಲ್ಲಿಲ್ಲದೆ ಸೋಲಬಹುದು!

ಕೆರೆ ತುಂಬಿದಾಗ ಕೋಡಿ ಬೀಳುತ್ತದೆ. ನಾಗರಹೊಳೆ, ಬಂಡೀಪುರದಂಥ ಕಡೆ ಪ್ರಾಯಕ್ಕೆ ಬಂದ ಹುಲಿ ಸ್ವಂತ ಸರಹದ್ದು ಹುಡುಕಿಕೊಂಡು ಹೊರಡಲೇಬೇಕು. ಅದು ಕಾಫಿ ತೋಟದಲ್ಲಿ ಕಾಣಿಸಿಕೊಂಡರೆ ‘ಹುಲಿ ಹೆಚ್ಚಾಗಿದೆ’ ಎಂಬ ಮಾತು ಏಳುತ್ತದೆ. ಕಾಡಿನಿಂದ ಕಾಡಿಗೆ ಹೋಗುವ ದಾರಿ ಕಡಿಮೆಯಾಗಿದೆ ಎಂಬುದೂ ಅಷ್ಟೇ ನಿಜ.

ಕೆಲವು ಜೀವಿಗಳಿಗೆ ಸಾವಿನ ಪೆಟ್ಟು ತಡೆದುಕೊಳ್ಳುವ ತಾಕತ್ತೇ ಕಡಿಮೆ. ವರ್ಷಕ್ಕೊಂದೇ ಮೊಟ್ಟೆಯಿಡುವ ರಣಹದ್ದು ಅಂಥದ್ದು. ದನಗಳಿಗೆ ಕೊಡುತ್ತಿದ್ದ ಡೈಕ್ಲೊಫೆನಾಕ್ ಎಂಬ ನೋವಿನ ಔಷಧಿ, ಸತ್ತ ದನದ ಮಾಂಸದ ಮೂಲಕ ಅವುಗಳ ಮೂತ್ರಪಿಂಡ ಕೆಡಿಸಿತು. ಪಶುಗಳಿಗೆ ಅದನ್ನು ಕೊಡುವುದು 2006ರಲ್ಲಿ ನಿಷೇಧವಾಯಿತು. ರಾಮನಗರದ ರಾಮದೇವರ ಬೆಟ್ಟ 2012ರಲ್ಲಿ ರಣಹದ್ದು ಧಾಮವೂ ಆಯಿತು. ಹೋದ ಹಕ್ಕಿಗಳು ಮಾತ್ರ ತುಂಬಿ ಬಂದಿಲ್ಲ.

ಹುಲಿ ಹಾಗಲ್ಲ. ಬೇಟೆ ಸಿಕ್ಕರೆ, ಕಾವಲಿದ್ದರೆ ಬೇಗ ಚೇತರಿಸಿಕೊಳ್ಳುತ್ತದೆ. ಆದರೆ ಮರಿ ಹಾಕುವ ಹೆಣ್ಣುಗಳು ಉಳಿದಿರಬೇಕು. 2025ರ ಜೂನ್‌ನಲ್ಲಿ ಮಲೆ ಮಹದೇಶ್ವರ ಬೆಟ್ಟದ ಕಾಡಿನಲ್ಲಿ ವಿಷ ಬೆರೆತ ಹಸುವಿನ ಮಾಂಸ ತಿಂದು ತಾಯಿಹುಲಿಯೂ ಅದರ ನಾಲ್ಕು ಮರಿಗಳೂ ಸತ್ತವು. ಸುದ್ದಿಯಲ್ಲಿ ಅದು ಐದು ಹುಲಿಗಳ ಸಾವು. ಆ ತಾಯಿ ಮುಂದೆ ಹೆರಬಹುದಾಗಿದ್ದ ಮರಿಗಳಿಗೆ, ಆ ಮರಿಗಳ ಮರಿಗಳಿಗೆ ಯಾವ ಗಣತಿಯಲ್ಲೂ ಕಾಲಂ ಇಲ್ಲ.