ಸ್ವಾಮಿಯ ಅಪ್ಪನನ್ನು ಮರೆತ ವಿಮರ್ಶೆ

ಗಿರೀಶ ಕಾರ್ನಾಡರ ಬಗ್ಗೆ ನಮ್ಮಲ್ಲಿ ಸಂಶೋಧನೆಗೇನೂ ಕೊರತೆಯಿಲ್ಲ. 'ಯಯಾತಿ', 'ತುಘಲಕ್', 'ಹಯವದನ' ಎಂಬ ಮೂರು ಗೂಟಗಳ ಸುತ್ತ ನಾವು ಸಂಶೋಧಕರು ಸುತ್ತುತ್ತಲೇ ಇದ್ದೇವೆ. ಆದರೆ ಕೆಂಕೆರೆಯಲ್ಲಿ ಕಾಯಿ ಸುಲಿಯುತ್ತಿದ್ದ ಹಿರಿಯರೊಬ್ಬರನ್ನು ಕಾರ್ನಾಡರು ಗೊತ್ತೇ ಎಂದು ಕೇಳಿದಾಗ ಬಂದ ಉತ್ತರ ಒಂದೇ: "ಓ, ಸ್ವಾಮಿಯ ಅಪ್ಪ ಅಲ್ವಾ!"

ಸೆಮಿನಾರಿನಲ್ಲಿ ಇದನ್ನು ಹೇಳಿದರೆ ಜನ ನಗುತ್ತಾರೆ. ಅದು ಹೊಟ್ಟೆಪಾಡಿನ ನಟನೆ, ಸಾಹಿತ್ಯವಲ್ಲ ಎನ್ನುತ್ತಾರೆ. ನನ್ನ ತಕರಾರು ಇರುವುದು ಈ ನಗುವಿನ ಜೊತೆಗೆ.

ಇಸವಿಗಳನ್ನು ಪಕ್ಕಪಕ್ಕ ಇಟ್ಟು ನೋಡಿ. 1986ರಲ್ಲಿ ದೂರದರ್ಶನದಲ್ಲಿ ಶಂಕರ್ ನಾಗ್ ನಿರ್ದೇಶನದ 'ಮಾಲ್ಗುಡಿ ಡೇಸ್' ಶುರುವಾಯಿತು. ಅದರಲ್ಲಿ ಮಾಸ್ಟರ್ ಮಂಜುನಾಥನ ಸ್ವಾಮಿಗೆ ಕಾರ್ನಾಡರು ಅಪ್ಪ. 1988ರಲ್ಲಿ 'ನಾಗಮಂಡಲ' ಬಂತು. 1989ರಲ್ಲಿ ಮಕ್ಕಳ ವೈಜ್ಞಾನಿಕ ಧಾರಾವಾಹಿ 'ಇಂದ್ರಧನುಷ್'ನಲ್ಲಿ ನಟಿಸಿದರು. ಆಮೇಲೆ 'ಟರ್ನಿಂಗ್ ಪಾಯಿಂಟ್' ಎಂಬ ವಿಜ್ಞಾನ ಕಾರ್ಯಕ್ರಮದ ನಿರೂಪಕರಾದರು. 1992ರಲ್ಲಿ, ಹೂಮರವಾಗುವ ಹುಡುಗಿಯ ನಮ್ಮದೇ ಜನಪದ ಕಥೆಯನ್ನು 'ಚೆಲುವಿ' ಎಂಬ ಚಿತ್ರ ಮಾಡಿದರು. ಇದನ್ನೆಲ್ಲ ಮಾಡಿದ್ದು ಒಬ್ಬನೇ ಮನುಷ್ಯ, ಒಂದೇ ಕಾಲದಲ್ಲಿ. ಅಜ್ಜಿ ಕಥೆಗಳಿಂದ ನಾಟಕ ಕಟ್ಟುತ್ತಿದ್ದಾಗಲೇ ಮಕ್ಕಳ ಪರದೆಯ ಮೇಲೂ ಇದ್ದ ಲೇಖಕನನ್ನು ಎರಡು ಹೋಳು ಮಾಡಿ, ಒಂದನ್ನಷ್ಟೇ ಓದುವುದು ಯಾವ ಸಂಶೋಧನೆ?

ಇನ್ನೂ ದೊಡ್ಡ ಪ್ರಶ್ನೆ ಭಾಷೆಯದು. ಮೇಲಿನ ಪಟ್ಟಿಯಲ್ಲಿ ಕನ್ನಡದಲ್ಲಿ ಮೊದಲು ಬಂದದ್ದು 'ನಾಗಮಂಡಲ' ಮಾತ್ರ. ಆಗುಂಬೆಯಲ್ಲಿ ಚಿತ್ರೀಕರಣವಾಗಿ, ಕನ್ನಡದ ನಟರೇ ತುಂಬಿದ್ದ ಮಾಲ್ಗುಡಿ ಮಾತಾಡಿದ್ದು ಹಿಂದಿ ಮತ್ತು ಇಂಗ್ಲಿಷನ್ನು. 'ಚೆಲುವಿ' ಹೆಸರಷ್ಟೇ ಕನ್ನಡ, ಮಾತು ಹಿಂದಿ. ಇದಕ್ಕೆ ಕಾರ್ನಾಡರನ್ನೋ ಶಂಕರ್ ನಾಗರನ್ನೋ ದೂರುವುದು ಸುಲಭ. ಆದರೆ ರಾಷ್ಟ್ರೀಯ ಜಾಲದ ಹೊತ್ತು ಹಿಂದಿಯದು, ಪ್ರಾಯೋಜಕರ ದುಡ್ಡೂ ಅಲ್ಲೇ ಇತ್ತು. ಕನ್ನಡದಲ್ಲಿ ಮಕ್ಕಳಿಗಾಗಿ ಅಂಥ ಜಾಗವನ್ನು ಯಾರು ಕಟ್ಟಿದ್ದರು?

ಡಬ್ಬಿಂಗ್ ಬೇಡ, ನಮ್ಮದನ್ನು ನಾವೇ ಮಾಡಿಕೊಳ್ಳುತ್ತೇವೆ ಎಂದು ದಶಕಗಳ ಕಾಲ ಬೇಲಿ ಹಾಕಿ ಕೂತೆವು. ಕಲಾವಿದರ ಅನ್ನದ ಪ್ರಶ್ನೆಯಾಗಿ ಆ ವಾದದಲ್ಲಿ ಹುರುಳಿತ್ತು, ಒಪ್ಪುತ್ತೇನೆ. ಆದರೆ 'ನಾವೇ ಮಾಡಿಕೊಳ್ಳುತ್ತೇವೆ' ಎಂಬ ಮಾತನ್ನು ಮಕ್ಕಳ ವಿಷಯದಲ್ಲಿ ಉಳಿಸಿಕೊಂಡೆವೇ? ಸ್ವಾಮಿ ಟಿವಿಯಲ್ಲಿ ಕನ್ನಡ ಮಾತಾಡಿದ್ದು 2020ರಲ್ಲಿ, ಲಾಕ್‌ಡೌನಿನ ದಿನಗಳಲ್ಲಿ. ಅಷ್ಟರಲ್ಲಿ ಶಂಕರ್ ನಾಗ್ ತೀರಿಕೊಂಡು 30 ವರ್ಷವಾಗುತ್ತಿತ್ತು, ಕಾರ್ನಾಡರು ಹೋಗಿ ವರ್ಷ ತುಂಬುತ್ತಿತ್ತು.

ನಮ್ಮ ಸೀಮೆಯಲ್ಲಿ ಅಟ್ಟದ ಮೇಲೆ ಹಾಕಿದ ಕಾಯಿ ವರ್ಷದ ಹೊತ್ತಿಗೆ ಉಂಡೆ ಕೊಬ್ಬರಿಯಾಗುತ್ತದೆ. ಕಾದಷ್ಟಕ್ಕೂ ಬೆಲೆ ಉಂಟು. ಮಕ್ಕಳ ಕಥೆಗೆ ಈ ಲೆಕ್ಕ ನಡೆಯುವುದಿಲ್ಲ. ಎಂಟು ವರ್ಷದ ಹುಡುಗನಿಗೆ ಸಿಗಬೇಕಾದದ್ದು ನಲವತ್ತೆರಡಕ್ಕೆ ಸಿಕ್ಕರೆ ಅದು ಬರೀ ನೆನಪು.

'ನಾಗಮಂಡಲ'ದ ಆರಂಭದಲ್ಲೇ ಈ ಎಚ್ಚರವಿದೆ. ಕಥೆ ಗೊತ್ತಿದ್ದೂ ಯಾರಿಗೂ ಹೇಳದ ಹೆಂಗಸಿನಿಂದ ಆ ಕಥೆಯೇ ತಪ್ಪಿಸಿಕೊಂಡು ಬರುತ್ತದೆ. ಇದನ್ನು ಕಥನ ತಂತ್ರವೆಂದು ಪುಟಗಟ್ಟಲೆ ಬರೆಯುವ ನಮಗೆ, ಆ ಹೆಂಗಸು ನಾವೇ ಇರಬಹುದೆಂದು ಹೊಳೆದಿಲ್ಲ.

ಕೇಳುವುದು ಎರಡೇ. ಕನ್ನಡ ವಿಭಾಗಗಳು ಮಕ್ಕಳ ಟಿವಿ ಬರವಣಿಗೆಯನ್ನೂ ನಟನೆಯನ್ನೂ ಅಧ್ಯಯನದ ವಸ್ತುವೆಂದು ಒಪ್ಪಲಿ. ಜನರ ದುಡ್ಡಿನಲ್ಲಿ ನಡೆಯುವ ಚಂದನ ವಾಹಿನಿ ನಮ್ಮ ಒಳ್ಳೆಯ ಲೇಖಕರನ್ನು ಕರೆದು ಮಕ್ಕಳಿಗಾಗಿ ಬರೆಸಲಿ. ಬರೆಯುವವರು ಇದ್ದಾರೆ, ನಟಿಸುವವರೂ ಇದ್ದಾರೆ. ಇವತ್ತು ಕೆಂಕೆರೆಯಲ್ಲಿ ಎಂಟು ವರ್ಷದವರಾಗಿರುವವರು 2060ರವರೆಗೆ ಕಾಯಲಾರರು.